ಎರಡು ಬೆರಳಿನ ಆಟ

ರಾಲಾಂಬು ಬಂದದ್ದು ಏಳು ಹೊಡೆಯುವ ಮೊದಲೇ,
ಇಳಿಜಾರಿನಲ್ಲಿ ಎಂಜಿನ್ ಆರಿಸಿ, ಸುಮ್ಮನೆ ತೇಲಿಕೊಂಡು.
ಅಂತನನರಿವೊದ ಟ್ಯಾಕ್ಸಿಗಳೆಲ್ಲ ಹಾಗೇ,
ಇಳಿಯುವಾಗ ದೇವರ ಪೆಟ್ರೋಲು, ಏರುವಾಗ ಸ್ವಂತದ್ದು.
ಕೆನೆಬಣ್ಣದ ಹಳೇ ರೆನೋ. ಕತ್ರೆಲ್ ಅನ್ನುತ್ತಾರೆ ಇಲ್ಲಿ.
ನನಗಿಂತ ಆರು ವರ್ಷ ದೊಡ್ಡದು.

"ಏನೂ ಇಲ್ಲ ಜೀನಾ, ಚೂರು ಎಡಕ್ಕೆ ಎಳೆಯುತ್ತೆ, ಅಷ್ಟೇ."
ಏನೂ ಇಲ್ಲ ಅಂದವರ ಗಾಡಿಯಲ್ಲೇ ಎಲ್ಲ ಇರುತ್ತದೆ.

ಕಿಟಕಿಯಿಂದ ಕೈ ತೂರಿಸಿ ಸ್ಟೀರಿಂಗ್ ತಿರುವಿದೆ.
ಎರಡು ಬೆರಳಗಲ ತಿರುಗಿದರೂ
ಚಕ್ರಕ್ಕೆ ಸುದ್ದಿಯೇ ಮುಟ್ಟಿಲ್ಲ.
ಟೈರು ಹೊರಗಿನಿಂದ ಮರ್ಯಾದಸ್ಥ;
ಒಳಅಂಚು ಬೋಳು. ಅಂಗೈಯಲ್ಲಿ ಸವರಿದರೆ
ಹೋಗುವಾಗ ನುಣ್ಣಗೆ, ಬರುವಾಗ ಗರಗಸ.

ಜಾಕು ಕೊಟ್ಟು ಎತ್ತಿದೆ.
ಚಕ್ರವನ್ನು ಗಡಿಯಾರದ ಹಾಗೆ ಹಿಡಿದು
ಹನ್ನೆರಡು–ಆರರಲ್ಲಿ ಅಲುಗಿಸಿದೆ: ಗಟ್ಟಿ.
ಒಂಬತ್ತು–ಮೂರರಲ್ಲಿ ಅಲುಗಿಸಿದೆ:
ಟಕ್.
ಹುಳುಕು ಹಲ್ಲನ್ನು ನಾಲಿಗೆ ಮುಟ್ಟಿ ಬಂದಷ್ಟು ಸಣ್ಣ ಸದ್ದು.

ತೋಕಿಯನ್ನು ಸೀಟಿನಲ್ಲಿ ಕೂರಿಸಿದೆ,
"ಆಚೆ ಈಚೆ ಚೂರೇ ಚೂರು ತಿರುಗಿಸು, ಹಾರ್ನ್ ಮುಟ್ಟಬೇಡ" ಅಂದು
ರಟ್ಟಿನ ಮೇಲೆ ಬೆನ್ನು ಹಾಕಿ ಒಳಗೆ ಜಾರಿದೆ.
ಇಲ್ಲಿ ಕಣ್ಣಿಗೆ ಕೆಲಸವಿಲ್ಲ. ಹೆಬ್ಬೆರಳು ಸಾಕು.
ಗೆಣ್ಣಿನ ಮೇಲೆ ಬೆರಳಿಟ್ಟರೆ ತಿಳಿಯುತ್ತದೆ:
ಕಡ್ಡಿ ಮೊದಲು ಹೊರಡುತ್ತದೆ, ತೋಳು ಆಮೇಲೆ,
ಕರೆದ ಮೇಲೆ "ಬಂದೆ" ಅಂದು ಮಲಗಿಯೇ ಇರುವ ಹುಡುಗನ ಹಾಗೆ.
ರಬ್ಬರಿನ ಟೋಪಿ ಎಂದೋ ಹರಿದಿದೆ.
ಗ್ರೀಸು ಹೋದ ಜಾಗದಲ್ಲಿ ಈ ಗುಡ್ಡಗಳ ಕೆಂಪುಮಣ್ಣು
ಅರೆದೂ ಅರೆದೂ
ಗುಂಡು ಮೊಟ್ಟೆಯಾಗಿದೆ.

ಪಿನ್ನು ತುಕ್ಕಾಗಿ ಪುಡಿಯಾಯಿತು. ನಟ್ಟು ಬಂತು, ಬೋಲ್ಟು ಬರಲಿಲ್ಲ.
ಸುತ್ತಿಗೆ ಎತ್ತಿದ ತೋಕಿಗೆ ಹೇಳಿದೆ,
ತಲೆಗೆ ಹೊಡೆದರೆ ಮೊಂಡಾಗುತ್ತದೆ ಕಣೋ,
ತೋಳಿನ ಪಕ್ಕೆಗೆ ಕೊಡು.
ಮೂರನೇ ಪೆಟ್ಟಿಗೆ ಬಿಟ್ಟಿತು.
ತಿರುಗಿಸಿ ಬಿಚ್ಚುತ್ತ ಎಣಿಸಿದೆ, ಹದಿನೇಳೂವರೆ ಸುತ್ತು,
ಸೀಮೆಸುಣ್ಣದಲ್ಲಿ ಗೋಡೆಗೆ ಬರೆದೆ.
ಅಂದ್ರವುವಾಂಗಿ ಸಂತೆಯಿಂದ ತಂದ ಹೊಸದನ್ನು
(ಪೆಟ್ಟಿಗೆ ಒಂದೂರಿನದು, ಮಾಲು ಇನ್ನೊಂದೂರಿನದು)
ಹದಿನೇಳೂವರೆಗೇ ನಿಲ್ಲಿಸಿ, ನೂಲು ಎಳೆದು ನೋಡಿ,
ಇನ್ನರ್ಧ ಸುತ್ತು ಕೊಟ್ಟು ಬಿಗಿದೆ.

ಹೋದವನು ಹತ್ತೇ ನಿಮಿಷಕ್ಕೆ ವಾಪಸ್ಸು.
"ಕೆಡಿಸಿಬಿಟ್ಟೆಯಲ್ಲ! ಕುಡಿದವರ ಹಾಗೆ ತೂರಾಡುತ್ತೆ."

ಪಕ್ಕದಲ್ಲಿ ಕೂತೆ. ರೈಲು ನಿಲ್ದಾಣದ ಮುಂದಿನ
ನೇರ ರಸ್ತೆ, ಬೆಳಗಿನ ಖಾಲಿ.
ರಸ್ತೆ ನೋಡಲಿಲ್ಲ ನಾನು, ಅವನ ಕೈ ನೋಡಿದೆ.
ಎಡಕ್ಕೆ ಎರಡು ಬೆರಳು, ಬಲಕ್ಕೆ ಎರಡು ಬೆರಳು,
ಮತ್ತೆ ಎಡಕ್ಕೆ.
ಇಲ್ಲದ ಸಡಿಲನ್ನು ಹುಡುಕಿಕೊಂಡು
ಹನ್ನೊಂದು ವರ್ಷ ತೊಟ್ಟಿಲು ತೂಗಿದ ಕೈ
ತೂಗುತ್ತಲೇ ಇದೆ.
ಪಾಪದ ಗಾಡಿ, ಈಗ ತಾನೇ ಕಿವಿ ಬಂದದ್ದು,
ಹೇಳಿದ್ದನ್ನೆಲ್ಲ ಕೇಳುತ್ತಿದೆ.

"ಕೈ ಸುಮ್ಮನಿಡು" ಅಂದೆ.
"ಸುಮ್ಮನೇ ಇಟ್ಟಿದ್ದೇನೆ" ಅಂದ. ಸುಳ್ಳಲ್ಲ.
ಅವನಿಗೆ ಗೊತ್ತೇ ಇರಲಿಲ್ಲ.

ಇದಕ್ಕೆ ಯಾವ ಸಂತೆಯಲ್ಲೂ ಬಿಡಿಭಾಗ ಸಿಗುವುದಿಲ್ಲ.
ಸವೆದ ಗುಂಡನ್ನು ಮಾತ್ರ ಕೇಳಿ ಇಸಕೊಂಡ,
ಕಿವಿಯ ಹತ್ತಿರ ಅಲ್ಲಾಡಿಸಿದ,
ಜೇಬಿಗೆ ಹಾಕಿಕೊಂಡ. ಅರ್ಧ ದುಡ್ಡು ಕೊಟ್ಟ.

ಗುರುವಾರ ಮತ್ತೆ ಬಂದ.
"ನೇರ ಹೋಗುತ್ತೆ ಈಗ. ಎಷ್ಟು ನೇರ ಅಂದರೆ
ನಿದ್ದೆ ಬರುತ್ತೆ ಜೀನಾ.
ಆ ಕಡೆಯ ಚಕ್ರದ್ದು ಹಾಗೇ ಇರಲಿ ಬಿಡು."
ಬಾಕಿಯ ಮಾತು ಅವನು ಎತ್ತಲಿಲ್ಲ.
ನಾನು ಜಾಕು ಎತ್ತಿದೆ.